"ವಿಶೇಷ ಉಂಟಾ?" ಎಂದು ಕೇಳುವ ಮೊದಲು

ಮದುವೆಯಾಗಿ ಆರು ತಿಂಗಳಾದರೆ ಸಾಕು, ಊರಿನಿಂದ ಫೋನ್ ಬಂದಾಗಲೆಲ್ಲ ಅದೇ ಪ್ರಶ್ನೆ: "ಎಂತ, ವಿಶೇಷ ಏನಾದ್ರೂ ಉಂಟಾ?" ಶಿಕಾಗೋದ ಡೆವನ್ ಅವೆನ್ಯೂ ಕಡೆ ಇರಲಿ, ಡೆಟ್ರಾಯಿಟ್ ಪಕ್ಕದ ಡಿಯರ್‌ಬಾರ್ನಿನಲ್ಲಿರಲಿ, ನಮ್ಮ ಹೆಣ್ಮಕ್ಕಳಿಗೆ ಈ ಪ್ರಶ್ನೆಯಿಂದ ಬಿಡುಗಡೆಯಿಲ್ಲ. ಆದರೆ ಅದೇ ಹುಡುಗಿಗೆ ಹದಿನೆಂಟರ ವಯಸ್ಸಿನಲ್ಲಿ ಮುಟ್ಟು ಮೂರು ತಿಂಗಳಿಗೊಮ್ಮೆ ಬರುತ್ತಿದ್ದಾಗ ಕೇಳಿದವರು ಯಾರು? ಉಮ್ಮನಿಗೆ ಹೇಳಿದರೆ, "ಮದುವೆ ಆದ್ರೆ ಎಲ್ಲ ಸರಿ ಆಗ್ತದೆ" ಎಂಬ ಉತ್ತರ. ಗಲ್ಲದ ಮೇಲೆ ಕೂದಲು ಬಂದರೆ ಪಾರ್ಲರು, ಮೈ ಬಂದರೆ ತಮಾಷೆ. ಪಿಸಿಒಎಸ್ ಎಂಬ ಹೆಸರು ಕಿವಿಗೆ ಬೀಳುವುದು ಮಗು ಆಗದಿದ್ದಾಗ ಮಾತ್ರ. ಊರಿನಲ್ಲಿ ಹೆಚ್ಚಾಗಿ ಪಿಸಿಒಡಿ ಅನ್ನುತ್ತಾರೆ. ಇದನ್ನು ಬರೀ "ಮಗು ಆಗದ ಕಾಯಿಲೆ" ಎಂದು ನೋಡುವುದು ನಿಲ್ಲಬೇಕು ಎಂಬುದೇ ನಮ್ಮ ವಾದ.

ಹಾಗೆ ನೋಡಿದರೆ ಈ ಕಾಯಿಲೆಯ ಕಥೆ ಶುರುವಾದದ್ದು ನಾವಿರುವ ಶಿಕಾಗೋದಲ್ಲೇ. ಇಲ್ಲಿನ ಮೈಕಲ್ ರೀಸ್ ಆಸ್ಪತ್ರೆಯ ಡಾಕ್ಟರುಗಳಾದ ಇರ್ವಿಂಗ್ ಸ್ಟೈನ್ ಮತ್ತು ಮೈಕಲ್ ಲೆವೆಂತಲ್ 1935ರಲ್ಲಿ ಏಳು ಹೆಂಗಸರ ಬಗ್ಗೆ ಬರೆದರು. ಮುಟ್ಟು ಸರಿಯಿಲ್ಲ, ಅಂಡಾಶಯ ದಪ್ಪಗಾಗಿದೆ, ಅದರ ತುಂಬ ಸಣ್ಣ ಸಣ್ಣ ಗುಳ್ಳೆ. ಅಂಡಾಶಯದ ಒಂದು ತುಂಡು ಕತ್ತರಿಸಿ ತೆಗೆದಾಗ ಏಳೂ ಮಂದಿಗೆ ಮುಟ್ಟು ಮರಳಿತು, ಇಬ್ಬರು ಗರ್ಭಿಣಿಯಾದರು. ಬಹಳ ಕಾಲ ಇದನ್ನು ಸ್ಟೈನ್-ಲೆವೆಂತಲ್ ಕಾಯಿಲೆ ಎಂದೇ ಕರೆಯುತ್ತಿದ್ದರು. ಆ ಆಸ್ಪತ್ರೆ 2009ರಲ್ಲಿ ಮುಚ್ಚಿತು. ಆದರೆ ಅಂಡಾಶಯ ಮತ್ತು ಮಗು, ಈ ಎರಡನ್ನೇ ನೋಡುವ ಅಭ್ಯಾಸ ಮಾತ್ರ ಉಳಿದುಬಿಟ್ಟಿತು.

ಆಮೇಲೆ ತಿಳಿದದ್ದು ಬೇರೆಯೇ. ಶಿಕಾಗೋದ ನಾರ್ತ್‌ವೆಸ್ಟರ್ನ್ ವಿಶ್ವವಿದ್ಯಾಲಯದಲ್ಲಿ ವರ್ಷಗಟ್ಟಲೆ ದುಡಿದ ಡಾ. ಆಂಡ್ರಿಯಾ ಡುನೈಫ್ ಅವರಂಥವರ ಸಂಶೋಧನೆಯಿಂದ ಇನ್ಸುಲಿನ್ ಪಾತ್ರ ಸ್ಪಷ್ಟವಾಯಿತು. ದೇಹ ಇನ್ಸುಲಿನ್ ಮಾತು ಕೇಳದಿದ್ದರೆ ಅದು ರಕ್ತದಲ್ಲಿ ಏರುತ್ತದೆ. ಏರಿದ ಇನ್ಸುಲಿನ್ ಅಂಡಾಶಯವನ್ನು ಕೆಣಕಿ ಗಂಡು ಹಾರ್ಮೋನನ್ನು ಹೆಚ್ಚು ಮಾಡಿಸುತ್ತದೆ. ಮೊಟ್ಟೆ ಪೂರ್ತಿ ಬೆಳೆಯದೆ ನಿಲ್ಲುತ್ತದೆ. ಸ್ಕ್ಯಾನಿನಲ್ಲಿ "ಗುಳ್ಳೆ" ಎಂದು ಹೆದರಿಸುವುದು ಈ ಅರ್ಧ ಬೆಳೆದ ಮೊಟ್ಟೆಯ ಚೀಲಗಳೇ, ಗಡ್ಡೆಯಲ್ಲ. ಸಕ್ಕರೆ ಕಾಯಿಲೆಗೂ ದಾರಿ ಇಲ್ಲೇ. ನಮ್ಮ ಕಡೆಯವರಿಗೆ ತೆಳ್ಳಗಿದ್ದರೂ ಸಕ್ಕರೆ ಬರುತ್ತದೆ. ಇಲ್ಲಿನ ಡಯಾಬಿಟಿಸ್ ಸಂಘ ಏಷ್ಯಾದವರಿಗೆ ಬಿಎಂಐ 23ರಿಂದಲೇ ಪರೀಕ್ಷೆಗೆ ಹೇಳುತ್ತದೆ, ಉಳಿದವರಿಗೆ 25. ಇನ್ನೊಂದು ಅಪಾಯ ಯಾರೂ ಬಾಯಿ ಬಿಟ್ಟು ಹೇಳದ್ದು: ತಿಂಗಳುಗಟ್ಟಲೆ ಮುಟ್ಟು ಬಾರದಿದ್ದರೆ ಗರ್ಭಕೋಶದ ಒಳಪದರ ದಪ್ಪವಾಗುತ್ತಾ ಹೋಗಿ, ಮುಂದೆ ಅಲ್ಲಿ ಕ್ಯಾನ್ಸರಿನ ಸಾಧ್ಯತೆ ಹೆಚ್ಚುತ್ತದೆ. ಮಗು ಬೇಕೋ ಬೇಡವೋ, ಮದುವೆ ಆಗಿದೆಯೋ ಇಲ್ಲವೋ, ಇದು ಎಲ್ಲರಿಗೂ ಅನ್ವಯ. ಎರಡು ಮಕ್ಕಳಾದ ಮೇಲೆ "ನಂದು ಮುಗೀತು" ಅನ್ನುವವರಿಗೂ.

ಆದ್ದರಿಂದ ಊರಿಂದ ಸೂಟ್‌ಕೇಸಿನಲ್ಲಿ ಬರುವ "ಮುಟ್ಟು ಬರಿಸುವ ಮಾತ್ರೆ" ಬಗ್ಗೆ ನಮಗೆ ತಕರಾರು ಉಂಟು. ಡಾಕ್ಟರು ನೋಡಿ ಕೊಟ್ಟರೆ ಅದು ಒಳ್ಳೆಯ ಔಷಧಿಯೇ. ಆದರೆ ಗರ್ಭ ನಿಂತಿದೆಯೇ, ಥೈರಾಯ್ಡ್ ತೊಂದರೆಯೇ ಎಂದು ನೋಡದೆ ಮಾಮಿಯ ಡಬ್ಬಿಯಿಂದ ನುಂಗುವುದು ಎಂಥ ವೈದ್ಯ? ರಕ್ತ ಬಂದ ಮಾತ್ರಕ್ಕೆ ಕಾಯಿಲೆ ಹೋಯಿತು ಎಂದಲ್ಲ. ಮೂರು ತಿಂಗಳು ಮುಟ್ಟು ಬಾರದಿದ್ದರೆ ಡಾಕ್ಟರನ್ನು ಕಾಣಬೇಕು, ಅಷ್ಟೇ.

ಮಗುವಿನ ವಿಷಯದಲ್ಲಿ ಕೈಚೆಲ್ಲುವ ಕಾರಣವಿಲ್ಲ. ಪಿಸಿಒಎಸ್ ಇರುವ ಬಹಳಷ್ಟು ಹೆಂಗಸರು ತಾಯಿಯಾಗುತ್ತಾರೆ. ತೂಕ ಹೆಚ್ಚಿದ್ದವರಿಗೆ ನೂರಕ್ಕೆ ಐದರಷ್ಟು ಇಳಿದರೂ ಕೆಲವೊಮ್ಮೆ ಮೊಟ್ಟೆ ಬಿಡುಗಡೆಯಾಗತೊಡಗುತ್ತದೆ. ಇಲ್ಲದಿದ್ದರೆ ಲೆಟ್ರೋಜೋಲ್ ಮಾತ್ರೆ ಉಂಟು. ಅಮೆರಿಕದಲ್ಲಿ 750 ಹೆಂಗಸರ ಮೇಲೆ ನಡೆದು 2014ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಹಳೆಯ ಕ್ಲೋಮಿಫೀನ್ ಪಡೆದವರಲ್ಲಿ ನೂರಕ್ಕೆ 19 ಮಂದಿಗೆ, ಲೆಟ್ರೋಜೋಲ್ ಪಡೆದವರಲ್ಲಿ 27 ಮಂದಿಗೆ ಮಗು ಹುಟ್ಟಿತು. ಭಾರತದಲ್ಲಿ ಬಂಜೆತನಕ್ಕೆ ಇದನ್ನು ಕೊಡುವುದಕ್ಕೆ 2011ರಿಂದ 2017ರವರೆಗೆ ನಿಷೇಧವಿತ್ತು. ಊರಿನಲ್ಲಿ ಯಾರಾದರೂ "ಅದು ಬ್ಯಾನ್ ಆದ ಮಾತ್ರೆ" ಅಂದರೆ ಕಾರಣ ಇದು.

ಗಂಡಸರಿಗೂ ಒಂದು ಮಾತು. ಮಗು ಆಗದ ದಂಪತಿಗಳಲ್ಲಿ ಸುಮಾರು ಅರ್ಧದಷ್ಟು ಕಡೆ ಗಂಡಸಿನ ಕಡೆಯ ಕಾರಣವೂ ಇರುತ್ತದೆ. ಹೆಂಡತಿಗೆ ಹತ್ತು ಸೂಜಿ ಚುಚ್ಚಿಸುವ ಮೊದಲು ನಿಮ್ಮ ಒಂದು ವೀರ್ಯ ಪರೀಕ್ಷೆ ಮಾಡಿಸಿದರೆ ಮರ್ಯಾದೆ ಎಲ್ಲಿಗೂ ಹೋಗುವುದಿಲ್ಲ.

ಹಣದ ಮಾತಿಗೆ ಬಂದರೆ ಇಲಿನಾಯ್‌ ಮತ್ತು ಮಿಶಿಗನ್ ಒಂದೇ ಅಲ್ಲ. ಇಲಿನಾಯ್‌ನಲ್ಲಿ 1991ರಲ್ಲೇ ಬಂದ ಕಾನೂನು, 25ಕ್ಕಿಂತ ಹೆಚ್ಚು ನೌಕರರಿರುವ ಗುಂಪು ವಿಮೆಯಲ್ಲಿ ಬಂಜೆತನದ ಚಿಕಿತ್ಸೆಯೂ ಸೇರಬೇಕು ಎಂದಿತು. ಆದರೆ ಕಂಪನಿಯೇ ಸ್ವಂತ ಹಣದಲ್ಲಿ ನಡೆಸುವ ಪ್ಲಾನಿಗೆ ಅದು ತಾಗುವುದಿಲ್ಲ, ಎಚ್‌ಆರ್‌ನವರನ್ನು ಕೇಳಿ. ಮಿಶಿಗನ್‌ನಲ್ಲಿ ಅಂಥ ಕಾನೂನೇ ಇಲ್ಲ. ಆದರೆ ಮುಟ್ಟಿನ ತೊಂದರೆಗೆ ಡಾಕ್ಟರನ್ನು ಕಾಣುವುದು, ಸಕ್ಕರೆ ಪರೀಕ್ಷೆ, ಇವು ಬಂಜೆತನದ ಲೆಕ್ಕಕ್ಕೆ ಬರುವುದಿಲ್ಲ, ಸಾಮಾನ್ಯ ವಿಮೆಯಲ್ಲೇ ಆಗುತ್ತದೆ. ವಿಮೆಯೇ ಇಲ್ಲದವರು ಡೆಟ್ರಾಯಿಟ್‌ನ ಹುದಾ ಕ್ಲಿನಿಕ್, ಡಿಯರ್‌ಬಾರ್ನ್‌ನ ಆಕ್ಸೆಸ್, ಶಿಕಾಗೋದ ದಕ್ಷಿಣ ಭಾಗದ ಇಮಾನ್ ಸಂಸ್ಥೆಯ ಕ್ಲಿನಿಕ್, ಇವನ್ನು ವಿಚಾರಿಸಬಹುದು.

ಇಂಗ್ಲಿಷ್ ಬಾರದ ಸೊಸೆಯ ಜೊತೆ ಗಂಡನೋ ಮಾಮಿಯೋ ಒಳಗೆ ಹೋಗಿ ಉತ್ತರ ಹೇಳುವುದುಂಟು. ಅದು ಬೇಡ. ಸರಕಾರದ ಹಣ ಪಡೆಯುವ ಆಸ್ಪತ್ರೆಗಳು ದುಭಾಷಿಯನ್ನು ಉಚಿತವಾಗಿ ಕೊಡಲೇಬೇಕು. ಬ್ಯಾರಿ ಸಿಗದಿದ್ದರೆ ಕನ್ನಡವನ್ನೋ ಮಲಯಾಳವನ್ನೋ ಕೇಳಿ, ಹೆಚ್ಚಾಗಿ ಫೋನಿನಲ್ಲೇ ಸಿಗುತ್ತಾರೆ. ಹೆಣ್ಣು ಡಾಕ್ಟರೇ ಬೇಕಿದ್ದರೆ ಅಪಾಯಿಂಟ್‌ಮೆಂಟ್ ಮಾಡುವಾಗಲೇ ಹೇಳಿಬಿಡಿ.