ಕಟ್ಟು ನಮ್ಮದಲ್ಲ, ಆಟ ನಮ್ಮದು

2018ರ ದೀಪಾವಳಿ ರಜೆಯ ಮಾತು. ದ್ರಾಕ್ಷಿ ತೋಟಕ್ಕೆ ಔಷಧಿ ಒಯ್ಯಲು ವಿಜಯಪುರಕ್ಕೆ ಬಂದಿದ್ದ ತಿಕೋಟಾ ಕಡೆಯ ರೈತರೊಬ್ಬರು ಹಾಗೆಯೇ ನಮ್ಮ ಮನೆಗೂ ಬಂದರು. ಜೊತೆಯಲ್ಲಿ ಒಂಬತ್ತನೆಯ ತರಗತಿಯ ಮಗ. ಬಬಲೇಶ್ವರದಲ್ಲಿ ಅಜ್ಜಿಯ ಮನೆಯಲ್ಲಿದ್ದುಕೊಂಡು ನನ್ನ ಬಳಿ ವಿಜ್ಞಾನ ಕಲಿಯುತ್ತಿದ್ದ ಹುಡುಗ ಅವನು. ಬಾಗಿಲಲ್ಲೇ ತಲೆ ತಗ್ಗಿಸಿ ನಿಂತಿದ್ದ.

"ಸರ, ಇವಗ ನೀವರ ಒಂದೀಟ ಬುದ್ಧಿ ಹೇಳ್ರಿ. ಮೊಬೈಲಿನ್ಯಾಗ ಇಸ್ಪೀಟ ಆಡಾಕ ಹತ್ಯಾನ. ನಮ್ಮ ಮನಿತನದಾಗ ಯಾರೂ ಎಲಿ ಮುಟ್ಟಿದವರಲ್ಲ. ಅರ್ಧವಾರ್ಷಿಕ ಪರೀಕ್ಷಾದಾಗ ಗಣಿತದ ಮಾರ್ಕ್ಸ್ ನೋಡ್ರಿ, ಹೆಂಗ ಬಿದ್ದಾವು!"

"ರೊಕ್ಕ ಹಚ್ಚಿ ಆಡಾಂಗಿಲ್ರಿ ಸರ" ಎಂದು ಹುಡುಗ ಮೆಲ್ಲಗೆ ಅಂದ. ಚಹಾ ಬರುವತನಕ ಇಬ್ಬರನ್ನೂ ಕೂಡ್ರಿಸಿ, "ಎಲ್ಲಿ, ಆ ಆಟ ನನಗೂ ತೋರಿಸು ತಮ್ಮಾ" ಎಂದೆ.

ಅದು 'ಹಾರ್ತ್‌ಸ್ಟೋನ್'. ಬ್ಲಿಜಾರ್ಡ್ ಕಂಪನಿ 2014ರಲ್ಲಿ ಬಿಡುಗಡೆ ಮಾಡಿದ ಎಲೆಯಾಟ. ನಮ್ಮ ಇಸ್ಪೀಟಿಗೂ ಇದಕ್ಕೂ ಒಂದು ದೊಡ್ಡ ವ್ಯತ್ಯಾಸವಿದೆ. ಇಸ್ಪೀಟಿನಲ್ಲಿ ಎಲ್ಲರಿಗೂ ಕಟ್ಟು ಒಂದೇ. ಇಲ್ಲಿ ಪ್ರತಿಯೊಬ್ಬ ಆಟಗಾರನೂ ತಾನು ಸಂಗ್ರಹಿಸಿದ ಎಲೆಗಳಿಂದ ಮೂವತ್ತು ಎಲೆಗಳ ತನ್ನದೇ ಕಟ್ಟು ಕಟ್ಟಿಕೊಂಡು ಬರುತ್ತಾನೆ. ಈ ಬಗೆಯ ಆಟವನ್ನು 1993ರಲ್ಲಿ ಜನಪ್ರಿಯಗೊಳಿಸಿದವರು ರಿಚರ್ಡ್ ಗಾರ್ಫೀಲ್ಡ್ ಎಂಬ ಗಣಿತಜ್ಞ. ಅವರ 'ಮ್ಯಾಜಿಕ್' ಆಟ ಕಾಗದದ ಎಲೆಗಳದ್ದು. ಹಾರ್ತ್‌ಸ್ಟೋನಿನ ಎಲೆಗಳು ಪರದೆಯ ಮೇಲೆ ಮಾತ್ರ ಇರುತ್ತವೆ.

ಒಳ್ಳೆಯ ಎಲೆಗಳು ಬೇಕಾದರೆ ಪೊಟ್ಟಣ ಕೊಳ್ಳಬೇಕು, ಇಲ್ಲವೇ ದಿನದ ಸಣ್ಣ ಸವಾಲುಗಳನ್ನು ಮುಗಿಸಿ ನಿಧಾನವಾಗಿ ಗಳಿಸಬೇಕು. ಈ ಹುಡುಗ ಎರಡನೆಯ ದಾರಿ ಹಿಡಿದಿದ್ದ. ತಿಂಗಳುಗಟ್ಟಲೆ ಕೂಡಿಸಿದ ಗಳಿಕೆಯನ್ನೆಲ್ಲ ಒಂದೇ ಎಲೆಗೆ ಸುರಿದಿದ್ದ. ಆ ಎಲೆಯ ಹೆಸರು 'ವಿಜ್‌ಬ್ಯಾಂಗ್ ದ ವಂಡರ್‌ಫುಲ್'. ಅದು 2018ರ ಆಗಸ್ಟ್‌ನಲ್ಲಿ ಬಂದದ್ದು. ಅದರ ಗುಣ ವಿಚಿತ್ರ. ಅದನ್ನು ಆರಿಸಿಕೊಂಡರೆ ನೀವು ಕಟ್ಟು ಕಟ್ಟುವ ಮಾತೇ ಇಲ್ಲ. ಆಟದಲ್ಲಿ ಒಂಬತ್ತು ವರ್ಗದ ನಾಯಕರಿದ್ದರು. ಒಬ್ಬೊಬ್ಬರಿಗೆ ಎರಡರಂತೆ ಹದಿನೆಂಟು ಸಿದ್ಧ ಕಟ್ಟುಗಳು. ಪ್ರತಿ ಆಟದ ಆರಂಭದಲ್ಲಿ ಆ ಹದಿನೆಂಟರಲ್ಲಿ ಯಾವುದೋ ಒಂದು ನಿಮ್ಮ ಕೈಗೆ ಬರುತ್ತಿತ್ತು. ಅದರಲ್ಲಿರುವ ಎಲೆಗಳು ನಿಮ್ಮ ಸಂಗ್ರಹದಲ್ಲಿ ಇರಬೇಕೆಂದೂ ಇರಲಿಲ್ಲ. ರೊಕ್ಕವಿಲ್ಲದ ಹುಡುಗನಿಗೆ ಇದಕ್ಕಿಂತ ಅನುಕೂಲ ಇನ್ನೇನು!

"ಆದ್ರ ಸರ, ಇದು ಮೋಸ ಮಾಡ್ತೈತ್ರಿ" ಎಂದ ಹುಡುಗ. ಚೀಲದಿಂದ ಒಂದು ನೋಟ್‌ಬುಕ್ ತೆಗೆದ. ಅದನ್ನು ನೋಡಿ ನನಗೆ ಒಳಗೊಳಗೇ ಸಂತೋಷವಾಯಿತು. ಮೂವತ್ತಾರು ಆಟಗಳ ಪಟ್ಟಿ. ಒಂದು ಕಾಲಮಿನಲ್ಲಿ ಬಂದ ಕಟ್ಟಿನ ಹೆಸರು, ಇನ್ನೊಂದರಲ್ಲಿ ಗೆಲುವು ಅಥವಾ ಸೋಲು. "ಹದಿನೆಂಟು ಕಟ್ಟು, ಮೂವತ್ತಾರು ಆಟ. ಒಂದೊಂದು ಎರಡೆರಡು ಸಲ ಬರಬೇಕಿತ್ತಲ್ರಿ? ಒಂದು ಐದು ಸಲ ಬಂದೈತಿ, ಎರಡಂತೂ ಬಂದೇ ಇಲ್ಲ."

ವಿದ್ಯಾರ್ಥಿ ಮಿತ್ರರೇ, ನೀವೂ ಹೀಗೆಯೇ ಯೋಚಿಸುತ್ತಿದ್ದಿರಲ್ಲವೇ? ಬನ್ನಿ, ಲೆಕ್ಕ ಮಾಡೋಣ. ಹದಿನೆಂಟಕ್ಕೂ ಸಮಾನ ಅವಕಾಶವಿದೆ ಎಂದಿಟ್ಟುಕೊಳ್ಳಿ. ನಿಮಗೆ ಬೇಕಾದ ಒಂದು ಕಟ್ಟು ಒಂದು ಆಟದಲ್ಲಿ ಬಾರದಿರುವ ಸಂಭವ 17/18. ಎರಡು ಆಟಗಳಲ್ಲೂ ಬಾರದಿರುವ ಸಂಭವ ಬೇಕಾದರೆ ಇದನ್ನು ಇದರಿಂದಲೇ ಗುಣಿಸಬೇಕು. ಹೀಗೆ 17/18ನ್ನು ಮೂವತ್ತಾರು ಸಲ ಬರೆದು ಗುಣಿಸಿದರೆ ಉತ್ತರ ಸುಮಾರು 0.128. ಅಂಥ ಕಟ್ಟುಗಳು ಹದಿನೆಂಟು ಇರುವುದರಿಂದ 0.128ನ್ನು 18ರಿಂದ ಗುಣಿಸಿ. ಸುಮಾರು 2.3 ಬಂತು. ಅಂದರೆ ಮೂವತ್ತಾರು ಆಟ ಆಡಿದಾಗ ಸರಾಸರಿ ಎರಡಕ್ಕಿಂತ ಸ್ವಲ್ಪ ಹೆಚ್ಚು ಕಟ್ಟುಗಳು ಮುಖ ತೋರಿಸುವುದೇ ಇಲ್ಲ! ಒಂದು ಕಟ್ಟು ಐದು ಸಲ ಬರುವುದೂ ಇಲ್ಲಿ ಅಪರೂಪವೇನಲ್ಲ. ಹದಿನೆಂಟನ್ನೂ ಒಮ್ಮೆಯಾದರೂ ನೋಡಬೇಕಾದರೆ ಸರಾಸರಿ ಅರವತ್ತಮೂರು ಆಟ ಬೇಕು. ಹದಿನೇಳು ಬಂದಾದ ಮೇಲೆ ಉಳಿದ ಆ ಒಂದೇ ಒಂದಕ್ಕಾಗಿ ಸರಾಸರಿ ಇನ್ನೂ ಹದಿನೆಂಟು ಆಟ ಕಾಯಬೇಕು. ನಿಮ್ಮ ತಂದೆಯವರನ್ನು ಕೇಳಿ ನೋಡಿ. ಅವರು ಬಬಲ್‌ಗಮ್ ಜೊತೆ ಬರುತ್ತಿದ್ದ ಕ್ರಿಕೆಟ್ ಚಿತ್ರಗಳನ್ನು ಕೂಡಿಸಿದವರಾದರೆ, ಕೊನೆಯ ಒಂದು ಚಿತ್ರಕ್ಕಾಗಿ ಎಷ್ಟು ಬಬಲ್‌ಗಮ್ ಅಗಿದರೆಂದು ಹೇಳಿಯಾರು.

ಆಟ ಪ್ರಾಮಾಣಿಕವೆಂದು ಇದರಿಂದ ಸಿದ್ಧವಾಗುವುದಿಲ್ಲ. ಆದರೆ ಹುಡುಗನ ನೋಟ್‌ಬುಕ್ಕಿನಲ್ಲಿ ಮೋಸಕ್ಕೆ ಸಾಕ್ಷಿ ಇಲ್ಲವೆಂಬುದು ಸ್ಪಷ್ಟ. ಯಾದೃಚ್ಛಿಕತೆ ಎಂದರೆ ಸಮನಾಗಿ ಹಂಚುವುದಲ್ಲ. ಹಿಂದಿನ ಆಟದಲ್ಲಿ ಏನು ಬಂದಿತ್ತೆಂಬುದು ಅದಕ್ಕೆ ನೆನಪಿರುವುದಿಲ್ಲ. 'ಐದು ಸಲ ಕೆಟ್ಟದ್ದು ಬಂತು, ಆರನೆಯದು ಒಳ್ಳೆಯದೇ ಬರಬೇಕು' ಎಂಬುದು ನಮ್ಮ ಮನಸ್ಸಿನ ಆಸೆಯೇ ಹೊರತು ನಿಸರ್ಗದ ನಿಯಮವಲ್ಲ. ಜೂಜುಕಟ್ಟೆಗೆ ಹೋದವರು ಮನೆಮಾರು ಕಳೆದುಕೊಳ್ಳುವುದಕ್ಕೆ ಈ ತಪ್ಪು ಲೆಕ್ಕವೂ ಒಂದು ಕಾರಣ.

"ಹಂಗಾದ್ರ ಇದು ಬರೇ ನಸೀಬದ ಆಟ ಅಂದಂಗಾತಲ್ರಿ?" ಎಂದರು ತಂದೆ. ನಾನು ಹುಡುಗನಿಗೆ ಒಂದು ಆಟ ಆಡಿ ತೋರಿಸಲು ಹೇಳಿದೆ. ನಾಯಕನ ಮುಖ ಕಂಡ ಕೂಡಲೇ ಹದಿನೆಂಟು ಸಾಧ್ಯತೆಗಳು ಎರಡಕ್ಕೆ ಇಳಿದವು. ಕೈಗೆ ಬಂದ ಮೊದಲ ಎಲೆಗಳನ್ನು ನೋಡಿದಾಗ ಎರಡು ಹೋಗಿ ಒಂದಾಯಿತು. ಬೇಡವಾದ ಎಲೆಗಳನ್ನು ಆರಂಭದಲ್ಲೇ ಒಮ್ಮೆ ಹಿಂದಿರುಗಿಸಿ ಬೇರೆ ಪಡೆಯಬಹುದು. ಯಾವುದನ್ನು ಇಟ್ಟುಕೊಳ್ಳಬೇಕು, ಯಾವುದನ್ನು ಬಿಡಬೇಕು? ಈ ಕಟ್ಟು ಬೇಗ ನುಗ್ಗಿ ಗೆಲ್ಲುವಂಥದ್ದೋ, ತಾಳ್ಮೆಯಿಂದ ಕಾದು ಗೆಲ್ಲುವಂಥದ್ದೋ? ಎದುರಾಳಿ ತನಗೆ ಬೇಕಾದ ಹಾಗೆ ಹದ ಮಾಡಿಕೊಂಡ ಕಟ್ಟು ತಂದಿದ್ದಾನೆ. ಇವನದು ಪರರ ಕಟ್ಟು. ಕಟ್ಟು ಬರುವುದು ನಸೀಬ. ಬಂದಮೇಲಿನ ಪ್ರತಿಯೊಂದು ತೀರ್ಮಾನವೂ ಇವನದೇ.

ಆ ಆಟದಲ್ಲಿ ಅವನು ಸೋತ. "ನೋಡ್ರಿ ಸರ, ಕಟ್ಟು ಸರಿ ಇರಲಿಲ್ಲ" ಎಂದ. ಆದರೆ ನಡುವೆ ಒಂದು ಒಳ್ಳೆಯ ಎಲೆಯನ್ನು ಅವಸರದಿಂದ ಎಸೆದುಬಿಟ್ಟಿದ್ದನ್ನು ನಾನು ಗಮನಿಸಿದ್ದೆ. ಅದನ್ನು ಹೇಳಿದಾಗ ಸುಮ್ಮನಾದ. "ನಿನ್ನ ನೋಟ್‌ಬುಕ್ಕಿನಲ್ಲಿ ಮೂರನೆಯ ಕಾಲಂ ಒಂದು ಇಲ್ಲ ನೋಡು. ಸೋತಾಗ ತಪ್ಪು ಎಲೆಯದೋ, ನಿನ್ನದೋ? ಗೆದ್ದಾಗ ಆಡಿದ್ದು ನೀನೋ, ಅದೃಷ್ಟವೋ? ಅದನ್ನೂ ಬರಿ" ಎಂದೆ.

ಆಮೇಲೆ ತಂದೆಯ ಕಡೆ ತಿರುಗಿ ಕೇಳಿದೆ: "ಯಜಮಾನ್ರ, ಚಾಟ್ನಿ ಆದಮ್ಯಾಲೆ ಮೋಡ ಕವಿದಿದ್ದು ನೋಡಿ ಔಷಧಿ ಹೊಡೆದಿರಿ ಅಂತ ತಿಳೀರಿ. ಮಳೆ ಬರಲೇ ಇಲ್ಲ. ಹೊಡೆದದ್ದು ತಪ್ಪಾಯಿತೋ?"

ಅವರು ನಕ್ಕರು. "ಹಂಗ ಲೆಕ್ಕ ಹಾಕಿದ್ರ ದ್ರಾಕ್ಷಿ ಬೆಳಿಯಾಕ ಆಗಾಂಗಿಲ್ರಿ ಸರ. ಮೋಡ ಆಗಿತ್ತು, ಹೊಡದ್ವಿ. ಮಳಿ ಬರೂದು ಬಿಡೂದು ನಮ್ಮ ಕೈಯಾಗಿಲ್ಲ. ನಾವು ಮಾಡಿದ್ದು ಬರೋಬ್ಬರಿ."

ಅಷ್ಟು ಹೇಳಿ ಅವರೇ ಒಂದು ಗಳಿಗೆ ಸುಮ್ಮನಾದರು. ತಮ್ಮ ಕೆಲಸವನ್ನು ಅವರು ತೀರ್ಮಾನದಿಂದ ಅಳೆಯುತ್ತಿದ್ದರು. ಮಗನ ಕೆಲಸವನ್ನು ಮಾತ್ರ ಮಾರ್ಕ್ಸ್‌ನಿಂದ. ನಾವು ಪಾಲಕರು, ಶಿಕ್ಷಕರು ಎಲ್ಲರೂ ಮಾಡುವ ತಪ್ಪೇ ಇದು. ಓದಿ ಕಡಿಮೆ ತೆಗೆದವನನ್ನು ಬೈಯುತ್ತೇವೆ, ಊಹಿಸಿ ಬರೆದು ಹೆಚ್ಚು ತೆಗೆದವನನ್ನು ಹೊಗಳುತ್ತೇವೆ. ಎರಡನೆಯವನಿಗೆ ಮುಂದೆ ಕಾದಿರುವ ಪೆಟ್ಟು ನಮಗೆ ಕಾಣುವುದಿಲ್ಲ.

ಹಾಗೆಂದು ಹುಡುಗನಿಗೆ ಇದು ಬಿಡುಗಡೆಯ ಪತ್ರವೂ ಆಗಲಿಲ್ಲ. ರಜೆ ಮುಗಿಸಿ ಬಂದಾಗ ಮೂರನೆಯ ಕಾಲಂ ತುಂಬಿಕೊಂಡು ಬಂದಿದ್ದ. ಸೋತ ಆಟಗಳಲ್ಲಿ ಅರ್ಧಕ್ಕಿಂತ ಹೆಚ್ಚಿನವುಗಳ ಮುಂದೆ 'ನನ್ನದು' ಎಂದು ಬರೆದಿತ್ತು. ಅದೇ ಪೆನ್ನಿನಿಂದ ಗಣಿತದ ಉತ್ತರಪತ್ರಿಕೆಯಲ್ಲಿ ಕಳೆದುಕೊಂಡ ಒಂದೊಂದು ಅಂಕದ ಮುಂದೆಯೂ ಬರೆಯಲು ಹೇಳಿದೆ. 'ಪ್ರಶ್ನೆಪತ್ರಿಕೆ ಕಠಿಣವಿತ್ತು' ಎಂದು ಮನೆಯಲ್ಲಿ ಹೇಳಿದ್ದನಂತೆ. ಕಠಿಣವಾಗಿದ್ದವು ಎರಡೇ ಪ್ರಶ್ನೆ. ಉಳಿದವು ಅವಸರ ಮತ್ತು ಅಭ್ಯಾಸದ ಕೊರತೆ. ಪ್ರಶ್ನೆಪತ್ರಿಕೆಯೂ ನಾವು ಕಟ್ಟಿದ ಕಟ್ಟಲ್ಲ. ಬಂದದ್ದನ್ನು ಆಡಬೇಕು.

ಇನ್ನು ಪಾಲಕರಿಗೆ ಎರಡು ಮಾತು. ಎಲೆಯಾಟವೆಂದ ಕೂಡಲೇ ಹೌಹಾರಬೇಕಿಲ್ಲ. ಬಾಬರನ ಆತ್ಮಕಥೆಯಲ್ಲಿ 1527ರಲ್ಲೇ ಗಂಜೀಫಾ ಎಲೆಗಳ ಪ್ರಸ್ತಾಪವಿದೆ. ನಮ್ಮ ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರು ತಾವೇ ಹಲವು ಎಲೆಯಾಟಗಳನ್ನು ರೂಪಿಸಿ 'ಶ್ರೀತತ್ತ್ವನಿಧಿ'ಯ ಕೌತುಕನಿಧಿಯಲ್ಲಿ ವಿವರಿಸಿದ್ದಾರೆ. ದಶಾವತಾರ ಗಂಜೀಫಾದಲ್ಲಿ 120 ಎಲೆಗಳಾದರೆ, ಅರಸರ ಆಟಗಳಲ್ಲಿ ಕೆಲವಕ್ಕೆ 360ರವರೆಗೂ ಎಲೆಗಳು! ಎಲೆ ಕೆಟ್ಟದ್ದಲ್ಲ, ಅದರ ಮೇಲೆ ಇಡುವ ರೊಕ್ಕ ಕೆಟ್ಟದ್ದು.

ಆದ್ದರಿಂದ ಒಂದು ಭೇದವನ್ನು ಚೆನ್ನಾಗಿ ಅರಿತುಕೊಳ್ಳಿ. ಗೊತ್ತಿಲ್ಲದ ಕಟ್ಟನ್ನು ಕೈಗೆ ಕೊಟ್ಟು 'ಆಡಿ ತೋರಿಸು' ಎನ್ನುವುದು ಒಂದು. ಗೊತ್ತಿಲ್ಲದ ಪೊಟ್ಟಣವನ್ನು ರೊಕ್ಕಕ್ಕೆ ಮಾರಿ 'ಒಳಗೆ ಒಳ್ಳೆಯದಿದ್ದರೂ ಇರಬಹುದು' ಎನ್ನುವುದು ಇನ್ನೊಂದು. ಮೊದಲನೆಯದರಲ್ಲಿ ಬುದ್ಧಿಗೆ ಕೆಲಸವಿದೆ. ಎರಡನೆಯದರಲ್ಲಿ ಕೆಲಸವಿರುವುದು ಆಸೆಗೆ ಮಾತ್ರ. ಈ ಆಟದಲ್ಲಿ ಎರಡೂ ಇವೆ ಎಂಬುದನ್ನು ಮರೆಯಬಾರದು. ರೊಕ್ಕಕ್ಕೆ ಮಾರುವ ಇಂಥ ಅದೃಷ್ಟದ ಪೆಟ್ಟಿಗೆಗಳು ಕೆಲವು ಆಟಗಳಲ್ಲಿ ಜೂಜಿನ ಕಾನೂನಿಗೆ ಒಳಪಡುತ್ತವೆಂದು ಬೆಲ್ಜಿಯಂ ದೇಶದ ಜೂಜು ಆಯೋಗ 2018ರಲ್ಲೇ ಹೇಳಿತು. ನಮ್ಮಲ್ಲಿ ಪಣವಾಗಿ ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾಯಿದೆಯನ್ನು ಸಂಸತ್ತು 2025ರ ಆಗಸ್ಟ್‌ನಲ್ಲಿ ಅಂಗೀಕರಿಸಿತು. ಕಾಯಿದೆ ತನ್ನ ಕೆಲಸ ಮಾಡಲಿ. ಮನೆಯ ಮೊಬೈಲಿನಲ್ಲಿ ರೊಕ್ಕ ಕಳಿಸುವ ಗುಪ್ತ ಸಂಖ್ಯೆ ಮಕ್ಕಳ ಕೈಗೆ ಸಿಗದಂತೆ ನೋಡಿಕೊಳ್ಳುವ ಕೆಲಸ ನಮ್ಮದು. ಹೊತ್ತಿಗೂ ಒಂದು ಮಿತಿ ಇರಲಿ. ಅಂದು ನಮ್ಮ ಮನೆಯಲ್ಲಿ ತಂದೆ-ಮಗ ಒಪ್ಪಿಕೊಂಡದ್ದು ಓದು ಮುಗಿದ ಮೇಲೆ ದಿನಕ್ಕೆ ಎರಡೇ ಆಟ.

ಆ ಹುಡುಗ ಈಗ ದೊಡ್ಡವನಾಗಿದ್ದಾನೆ. ತಂದೆಯ ಜೊತೆ ತೋಟ ನೋಡಿಕೊಳ್ಳುತ್ತಾನೆ, ಔಷಧಿಯ ಲೆಕ್ಕ ಬರೆಯುತ್ತಾನೆ. ಹೊಡೆದ ದಿನ, ಬಂದ ಮಳೆ, ಅದರ ಮುಂದೆ ಮೂರನೆಯ ಕಾಲಂ. ಒಣದ್ರಾಕ್ಷಿ ಒಣಹಾಕಿದಾಗ ಅಕಾಲ ಮಳೆ ಬಿದ್ದು ಮಾಲು ಕೆಟ್ಟ ಒಂದು ವರ್ಷದ ಪುಟವನ್ನೂ ನನಗೆ ತೋರಿಸಿದ. ಮೂರನೆಯ ಕಾಲಮಿನಲ್ಲಿ 'ಮಳೆಯದು' ಎಂದು ಬರೆದು, ಅದರ ಕೆಳಗೆ ಸಣ್ಣ ಅಕ್ಷರದಲ್ಲಿ 'ತಾಡಪತ್ರಿ ಹೊದಿಸಲು ತಡವಾಯಿತು — ನನ್ನದು' ಎಂದು ಸೇರಿಸಿದ್ದ.

ಈ ವಾರ ನೀವು ಮಾಡಿ ನೋಡಬೇಕಾದ ಪ್ರಯೋಗ ಇದು. ಒಂದರಿಂದ ಹದಿನೆಂಟರವರೆಗೆ ಅಂಕಿ ಬರೆದ ಚೀಟಿಗಳನ್ನು ಮಡಚಿ ಒಂದು ತಂಬಿಗೆಯಲ್ಲಿ ಹಾಕಿ. ಚೆನ್ನಾಗಿ ಕಲಕಿ ಒಂದನ್ನು ತೆಗೆಯಿರಿ, ಅಂಕಿ ಬರೆದುಕೊಂಡು ಚೀಟಿಯನ್ನು ಮತ್ತೆ ಒಳಗೆ ಹಾಕಿ. ಹೀಗೆ ಮೂವತ್ತಾರು ಸಲ. ಎಷ್ಟು ಅಂಕಿಗಳು ಬರಲೇ ಇಲ್ಲ, ಎಣಿಸಿ. ಗೆಳೆಯರು ಹತ್ತು ಜನ ಸೇರಿ ಬೇರೆ ಬೇರೆಯಾಗಿ ಮಾಡಿ ಸರಾಸರಿ ತೆಗೆಯಿರಿ. ಉತ್ತರ 2.3ರ ಆಸುಪಾಸು ಬಂದರೆ ತಂಬಿಗೆಯನ್ನು ಬೈಯಬೇಡಿ. ಅದು ಯಾರಿಗೂ ಮೋಸ ಮಾಡಿಲ್ಲ.