ಹನ್ನೆರಡರವರೆಗೆ ಪುಸ್ತಕ ಬೇಡವೇ?

ಬೆಳಗ್ಗೆ ಎಂಟರ ಹೊತ್ತಿಗೆ ಬಂಟ್ವಾಳದ ಮೆಲ್ಕಾರ್ ಪೇಟೆಯಲ್ಲಿ ನಿಂತರೆ, ಬೆನ್ನು ಬಾಗಿಸುವ ಚೀಲ ಹೊತ್ತು ವ್ಯಾನಿಗೆ ಕಾಯುವ ಪುಟ್ಟ ಮಕ್ಕಳು ಕಾಣುತ್ತಾರೆ. ಜಿನೀವಾದ ಚಿಂತಕ ರೂಸೋ 1762ರಲ್ಲಿ ‘ಎಮಿಲ್’ ಬರೆದು, ಹನ್ನೆರಡು ತುಂಬುವವರೆಗೆ ಹುಡುಗನಿಗೆ ಪುಸ್ತಕದ ಗೊಡವೆಯೇ ಬೇಡ ಎಂದ. ಈ ಮಾತು ನಮ್ಮೂರಿಗೆ ಸಲ್ಲುತ್ತದೆಯೇ?

ಪರ

ಸಲ್ಲುತ್ತದೆ. ರೂಸೋ ಓದನ್ನು ದ್ವೇಷಿಸಿದವನಲ್ಲ, ಅವಸರವನ್ನು ಒಪ್ಪದವನು. ಅವನ ಪುಸ್ತಕದ ಹುಡುಗ ಎಮಿಲ್ ಮೊದಲು ಮುಟ್ಟಿ, ಬಿದ್ದು, ಎದ್ದು ಕಲಿಯುತ್ತಾನೆ. ಆಮೇಲೆ ಬಡಗಿ ಕೆಲಸ. ಅವನ ಕೈಗೆ ಬರುವ ಮೊದಲ ಪುಸ್ತಕ ‘ರಾಬಿನ್ಸನ್ ಕ್ರೂಸೋ’. ನಮ್ಮಲ್ಲಿ ಮೂರು ವರ್ಷದ ಮಗು ಬಳಪ ಹಿಡಿಯಲಾರದೆ ಅಳುತ್ತದೆ. ಒಂದು, ಎರಡನೇ ತರಗತಿಯವರ ಚೀಲ ಎರಡು ಕಿಲೋ ಮೀರಬಾರದು, ಅವರಿಗೆ ಮನೆಗೆಲಸ ಕೊಡಬಾರದು ಎಂದು ಸರ್ಕಾರವೇ 2019ರಲ್ಲಿ ಆದೇಶಿಸಬೇಕಾಯಿತು. ಪಕ್ಕದಲ್ಲೇ ನೇತ್ರಾವತಿ ಹರಿಯುತ್ತಿದೆ. ಮಳೆಗಾಲದಲ್ಲಿ ಅದರ ನೀರು ಯಾಕೆ ಕೆಂಪಾಗುತ್ತದೆ ಎಂದು ಕೇಳಲು ಮಗುವಿಗೆ ಪುರುಸೊತ್ತಿಲ್ಲ. ಪುತ್ತೂರಿನ ಬಾಲವನದಲ್ಲಿ ಶಿವರಾಮ ಕಾರಂತರು ಆಟ, ನಾಟಕ, ಕುಣಿತಗಳಿಂದ ಮಕ್ಕಳಿಗೆ ಕಲಿಸಲು ಹೊರಟದ್ದು ಈ ಕೊರತೆಯನ್ನು ಕಂಡೇ.

ವಿರೋಧ

ಎಮಿಲ್ ಸಿರಿವಂತರ ಮನೆಯ ಹುಡುಗ. ಅವನೊಬ್ಬನಿಗೇ ಒಬ್ಬ ಗುರು, ದಿನವಿಡೀ. ಬಂಟ್ವಾಳದ ಯಾವ ಶಾಲೆಯಲ್ಲಿ ಅದು ಸಾಧ್ಯ? ಅಮ್ಮನ ಪಕ್ಕ ತಡ್ಪೆ ಇಟ್ಟುಕೊಂಡು ಬೀಡಿ ಕಟ್ಟಿದ ಮಕ್ಕಳು ಈ ಸೀಮೆಯಲ್ಲಿ ಕಡಿಮೆಯೇ? ಅವರಿಗೆ ಕೈಕೆಲಸ ಬೇಕಾದಷ್ಟು ಗೊತ್ತಿತ್ತು. ಸಿಗದೆ ಹೋದದ್ದು ಪುಸ್ತಕ. ಅದು ಸಿಕ್ಕವರು ಬ್ಯಾಂಕು, ಶಾಲೆ, ಆಸ್ಪತ್ರೆಗಳಲ್ಲಿ ಕೆಲಸ ಹಿಡಿದರು. ಅಂಥ ಮನೆಯವರಿಗೆ ‘ಹನ್ನೆರಡರವರೆಗೆ ಕಾಯಿರಿ’ ಎನ್ನುವುದು ಕ್ರೂರ.

ಇನ್ನೂ ನೋವಿನ ಸಂಗತಿ ಹೆಣ್ಣುಮಕ್ಕಳದು. ಎಮಿಲ್‌ನ ಜೋಡಿ ಸೋಫಿಯನ್ನು ರೂಸೋ ಗಂಡನನ್ನು ಮೆಚ್ಚಿಸುವುದಕ್ಕೆಂದೇ ಬೆಳೆಸಿದ. 1792ರಲ್ಲಿ ಇಂಗ್ಲಿಷ್ ಲೇಖಕಿ ಮೇರಿ ವೋಲ್‌ಸ್ಟನ್‌ಕ್ರಾಫ್ಟ್ ಇದನ್ನು ಕಟುವಾಗಿ ಖಂಡಿಸಿದಳು. ನನ್ನ ಮನಸ್ಸು ಅವಳ ಕಡೆಗೇ. ಪುಸ್ತಕದ ಚೀಲ ಹಿಡಿದು ಬಸ್ಸು ಹತ್ತುವ ನಮ್ಮ ಹುಡುಗಿಯರ ಮುಂದೆ ಸೋಫಿಯ ಪಾಠ ನಿಲ್ಲಲಾರದು. ತನ್ನ ಐವರು ಮಕ್ಕಳನ್ನೂ ಅನಾಥಾಲಯಕ್ಕೆ ಕಳುಹಿಸಿದವನು ರೂಸೋ ಎಂಬುದನ್ನೂ ಮರೆಯಲಾಗದು.

ಹಾಗೆಂದು ಮಕ್ಕಳ ಹೊರೆ ಸುಳ್ಳಲ್ಲ. ಆದರೆ ಹೊರೆಯಾದದ್ದು ಕಂಠಪಾಠ, ಓದಲ್ಲ. ಬಂಟ್ವಾಳದಲ್ಲಿ 1874ರಲ್ಲಿ ಹುಟ್ಟಿದ ಪಂಜೆ ಮಂಗೇಶರಾಯರು ಮಾಸ್ಟ್ರಾಗಿ, ಶಾಲಾ ಇನ್‌ಸ್ಪೆಕ್ಟರಾಗಿ ಮಕ್ಕಳನ್ನು ಹತ್ತಿರದಿಂದ ಕಂಡವರು. ಆ ಮಕ್ಕಳಿಗಾಗಿ ಹಾಡು, ಕತೆ ಬರೆದರು. ಬಾಲವನದ ಕಾರಂತರೂ ಮಕ್ಕಳನ್ನು ಪುಸ್ತಕದಿಂದ ದೂರ ಇಡಲಿಲ್ಲ. ಅವರಿಗೆಂದೇ ಮೂರು ಸಂಪುಟಗಳ ‘ಬಾಲಪ್ರಪಂಚ’ ಬರೆದುಕೊಟ್ಟರು.