ತಾಳೆಯ ಸಂಖ್ಯೆ ಯಾರದು?

ರಾಮನಗರದ ಸರ್ಕಾರಿ ರೇಷ್ಮೆಗೂಡಿನ ಮಾರುಕಟ್ಟೆಗೆ ಚನ್ನಪಟ್ಟಣ, ಕನಕಪುರ, ಮಾಗಡಿಗಳ ರೈತರೂ ಗೂಡು ತರುವುದುಂಟು. ಅಲ್ಲಿ ಗೂಡನ್ನು ತೂಗುವವರು ಮಾರುವ ರೈತರೂ ಅಲ್ಲ, ಕೊಳ್ಳುವ ರೀಲರುಗಳೂ ಅಲ್ಲ, ಮಾರುಕಟ್ಟೆಯ ಸಿಬ್ಬಂದಿ. ಇದೇ ನ್ಯಾಯ ಗಣಕದ ಕಡತಗಳಿಗೂ ಸಲ್ಲಬೇಕೆಂಬುದು ನಮ್ಮ ಅಭಿಪ್ರಾಯ.

ಹಳೆಯ ಗೇಮ್ ಕನ್ಸೋಲಿನ ಆಟಗಳನ್ನು ಇಂದಿನ ಗಣಕದಲ್ಲಿ ನಡೆಸುವ ತಂತ್ರಾಂಶಕ್ಕೆ ಎಮ್ಯುಲೇಟರ್ ಎಂದು ಹೆಸರು. ಅನೇಕ ಎಮ್ಯುಲೇಟರುಗಳಿಗೆ ಮೂಲಯಂತ್ರದ ‘ಬಯಾಸ್’ ಎಂಬ ಕಡತ ಬೇಕು. 1994ರಲ್ಲಿ ಹೊರಬಂದ ಪ್ಲೇಸ್ಟೇಷನ್ನಿನ ಬಯಾಸಿನಲ್ಲಿ 5,24,288 ಬೈಟುಗಳು, ಎಂದರೆ 41,94,304 ಬಿಟ್ಟುಗಳು ಇವೆ. ಅವುಗಳಲ್ಲಿ ಒಂದೇ ಒಂದು ಬದಲಾದರೂ ಕಡತದ ಹೆಸರು, ಗಾತ್ರಗಳು ಹಾಗೆಯೇ ಇರುತ್ತವೆ. ಆದರೆ ಎಲ್ಲ ಬಿಟ್ಟುಗಳಿಂದ ಲೆಕ್ಕಹಾಕಿ ತೆಗೆದ ‘ಚೆಕ್‌ಸಮ್’ ಗುರುತೇ ಸಿಕ್ಕದಷ್ಟು ಬದಲಾಗುತ್ತದೆ. ಎಂಡಿ5 ಕ್ರಮದಲ್ಲಿ ಇದು 32, ಶಾ-256 ಕ್ರಮದಲ್ಲಿ 64 ಅಂಕಾಕ್ಷರಗಳ ಸಾಲು.

ಎರಡು ಸಾಲುಗಳು ತಾಳೆಯಾದೊಡನೆ ನಿಶ್ಚಿಂತರಾಗುವವರುಂಟು. ಇದು ಸರಿಯಲ್ಲ. ಕಡತವನ್ನು ಕೊಟ್ಟವನೇ ಸಂಖ್ಯೆಯನ್ನೂ ಕೊಟ್ಟರೆ, ಅದು ಮಾರುವವನೇ ತಕ್ಕಡಿ ಹಿಡಿದಂತೆ. ಕಡತವನ್ನು ತಿದ್ದಿದವನಿಗೆ ಸಂಖ್ಯೆಯನ್ನು ತಿದ್ದುವುದು ಕಷ್ಟವೆ? ಹೋಲಿಕೆಯ ಸಂಖ್ಯೆಯನ್ನು ಎಮ್ಯುಲೇಟರಿನ ನಿರ್ಮಾತೃಗಳ ಕೈಪಿಡಿಯಿಂದಲೇ ಪಡೆಯಬೇಕು. ಅಷ್ಟಾದರೂ ತಾಳೆಯು ಹೇಳುವುದು ಇಷ್ಟೆ: ಇದು ಆ ಕಡತವೇ ಹೌದು. ಅದನ್ನು ಬಳಸುವ ಹಕ್ಕು ನಮಗುಂಟೆ ಎಂಬುದನ್ನು ಹೇಳದು. ಬಯಾಸಿನ ಕೃತಿಸ್ವಾಮ್ಯ ತಯಾರಕರದು.

ವಿಂಡೋಸ್ ಗಣಕದಲ್ಲಿರುವ ‘ಸರ್ಟ್‌ಯುಟಿಲ್’ ಎಂಬ ಉಪಕರಣ ಈ ಲೆಕ್ಕವನ್ನು ಕ್ಷಣದಲ್ಲಿ ಮಾಡಿಕೊಡುತ್ತದೆ. ಸಂಖ್ಯೆಯು ಎಲ್ಲಿಂದ ಬಂತೆಂದು ವಿಚಾರಿಸುವ ಕೆಲಸವನ್ನು ಮಾತ್ರ ವಿದ್ಯಾರ್ಥಿಯೇ ಮಾಡತಕ್ಕದ್ದು.